ಸ್ಯುರೇನ್‌ನ ಕಿಟಕಿ, ಮೊಂಮಾರ್ತ್‌ನ ಕನ್ನಡಿ

ಪ್ಯಾರಿಸ್‌ನ ಲಕ್ಸಂಬರ್ಗ್ ಉದ್ಯಾನಕ್ಕೆ ಹೊಂದಿಕೊಂಡ ವೋಜಿರಾರ್ ಬೀದಿಯಲ್ಲಿ, 36ನೆಯ ಸಂಖ್ಯೆಯ ಕಟ್ಟಡದ ಕಮಾನಿನ ಕೆಳಗೆ, ಗೋಡೆಯೊಳಗೆ ಕೂರಿಸಿದ ಅಮೃತಶಿಲೆಯ ಅಳತೆಗೋಲೊಂದಿದೆ. ಹದಿನೆಂಟನೆಯ ಶತಮಾನದ ಕೊನೆಯಲ್ಲಿ, ಆಗಷ್ಟೇ ಹುಟ್ಟಿದ್ದ ಮೀಟರ್ ಎಂಬ ಮಾನಕ್ಕೆ ಜನರ ಕಣ್ಣು ಹೊಂದಿಕೊಳ್ಳಲೆಂದು ಊರಿನ ಹಲವೆಡೆ ಇಂಥ ಗೋಲುಗಳನ್ನು ಇಟ್ಟಿದ್ದರು. ನಾನು ಪ್ಯಾರಿಸ್‌ಗೆ ಹೋದದ್ದು ಬೆಳಕಿನ ವೇಗವನ್ನು ಅಳೆದ ಜಾಗಗಳನ್ನು ನೋಡಲು. ಆದರೂ ಮೊದಲ ದಿನ ಬೆಳಿಗ್ಗೆ ಈ ಗೋಲಿನ ಮುಂದೆ ನಿಂತದ್ದಕ್ಕೆ ಕಾರಣವಿತ್ತು. ವೇಗವೆಂದರೆ ದೂರ ಮತ್ತು ಕಾಲ. ದೂರವನ್ನು ಯಾವುದರಿಂದ ಅಳೆಯುತ್ತೇವೆ ಎಂಬುದನ್ನು ಮೊದಲು ಕಂಡುಕೊಂಡರೆ ಉಳಿದ ಕಥೆ ಸುಲಭವಾಗುತ್ತದೆ ಎಂದುಕೊಂಡಿದ್ದೆ. ಆ ಲೆಕ್ಕಾಚಾರ ಎಷ್ಟು ತಪ್ಪಾಗಿತ್ತೆಂದು ಕೊನೆಯ ದಿನ ತಿಳಿಯಿತು.

ಅಲ್ಲಿಂದ ದಕ್ಷಿಣಕ್ಕೆ ನಡೆಯುತ್ತಾ ಹೋದರೆ ಕಾಲಡಿಯಲ್ಲಿ ಅಲ್ಲಲ್ಲಿ ಅಂಗೈಯಗಲದ ಕಂಚಿನ ಬಿಲ್ಲೆಗಳು ಸಿಗುತ್ತವೆ. ಊರಿನ ಮೂಲಕ ಉತ್ತರ-ದಕ್ಷಿಣವಾಗಿ ಹಾಯುವ ಪ್ಯಾರಿಸ್‌ನ ಮಧ್ಯಾಹ್ನ ರೇಖೆಯನ್ನು ಗುರುತಿಸಲು 1994ರಲ್ಲಿ ಹುದುಗಿಸಿದ 135 ಬಿಲ್ಲೆಗಳಲ್ಲಿ ಉಳಿದವು ಅವು. ಪ್ರತಿಯೊಂದರ ಮೇಲೂ ಹತ್ತೊಂಬತ್ತನೆಯ ಶತಮಾನದ ಫ್ರೆಂಚ್ ಖಗೋಳಜ್ಞ ಆರಾಗೋನ ಹೆಸರಿದೆ. ಅವುಗಳಲ್ಲಿ ಹಲವು ಕಾಣೆಯಾಗಿವೆ. ಆ ರೇಖೆ ನೇರವಾಗಿ ಹೋಗಿ ಪ್ಯಾರಿಸ್ ವೀಕ್ಷಣಾಲಯದ ಕಲ್ಲಿನ ಕಟ್ಟಡವನ್ನು ನಡುವೆ ಸೀಳುತ್ತದೆ.

1667ರಲ್ಲಿ ಸ್ಥಾಪನೆಯಾದ ಈ ವೀಕ್ಷಣಾಲಯಕ್ಕೆ 1672ರಲ್ಲಿ ಡೆನ್ಮಾರ್ಕಿನ ಓಲೆ ರೋಮರ್ ಎಂಬ ಯುವಕ ಬಂದ. ಅವನಿಗೆ ಬೆಳಕಿನ ವೇಗದ ಚಿಂತೆಯೇನೂ ಇರಲಿಲ್ಲ. ಅಂದಿನ ಚಿಂತೆ ಭೂಪಟದ್ದು. ಗುರುಗ್ರಹದ ಚಂದ್ರ ಐಯೋ ಸುಮಾರು 42 ಗಂಟೆ 30 ನಿಮಿಷಕ್ಕೊಮ್ಮೆ ಗ್ರಹದ ನೆರಳಿನೊಳಗೆ ಹೊಕ್ಕು ಹೊರಬರುತ್ತದೆ. ಈ ಗ್ರಹಣವನ್ನು ಬೇರೆ ಬೇರೆ ಊರುಗಳಿಂದ ನೋಡಿ ಸ್ಥಳೀಯ ವೇಳೆಯನ್ನು ಹೋಲಿಸಿದರೆ ಆ ಊರುಗಳ ರೇಖಾಂಶದ ಅಂತರ ಸಿಗುತ್ತದೆ. ಅಂದರೆ ಐಯೋ ಆಕಾಶದಲ್ಲಿ ತೂಗುಹಾಕಿದ ಗಡಿಯಾರ. ವೀಕ್ಷಣಾಲಯದ ಹಿರಿಯ ಖಗೋಳಜ್ಞ ಕ್ಯಾಸಿನಿ ಆ ಗಡಿಯಾರಕ್ಕೆ ವೇಳಾಪಟ್ಟಿ ತಯಾರಿಸುತ್ತಿದ್ದ. ತೊಂದರೆಯೆಂದರೆ ಗಡಿಯಾರ ಕೆಲವು ತಿಂಗಳು ಮುಂದೆ ಓಡುತ್ತಿತ್ತು, ಕೆಲವು ತಿಂಗಳು ಹಿಂದೆ ಬೀಳುತ್ತಿತ್ತು.

ಭೂಮಿ ಗುರುವಿನಿಂದ ದೂರ ಸರಿಯುವಾಗಲೇ ಗ್ರಹಣಗಳು ತಡವಾಗುತ್ತಿವೆ ಎಂಬುದನ್ನು ರೋಮರ್ ಹಿಡಿದ. ಐಯೋ ಒಂದು ಸುತ್ತು ಮುಗಿಸುವಷ್ಟರಲ್ಲಿ ಭೂಮಿ ಸರಿದ ದೂರಕ್ಕೆ ಬೆಳಕು ಹೆಚ್ಚೆಂದರೆ ಹದಿನೈದು ಸೆಕೆಂಡು ಹೆಚ್ಚು ತೆಗೆದುಕೊಳ್ಳುತ್ತದೆ. ಆ ಕಾಲದ ಲೋಲಕ ಗಡಿಯಾರಗಳಲ್ಲಿ ಒಂದು ಸುತ್ತಿಗೆ ಇದನ್ನು ನಂಬಿ ಹೇಳುವುದು ಕಷ್ಟ. ಆದರೆ ಹತ್ತಾರು ಸುತ್ತುಗಳಲ್ಲಿ ಅದು ಕೂಡುತ್ತಾ ಹೋಗಿ ನಿಮಿಷಗಳಾಗುತ್ತದೆ. 1676ರ ಸೆಪ್ಟೆಂಬರ್‌ನಲ್ಲಿ ಆತ, ನವೆಂಬರ್ 9ರಂದು ಐಯೋ ನೆರಳಿನಿಂದ ಹೊರಬರುವುದು ಪಟ್ಟಿಗಿಂತ ಹತ್ತು ನಿಮಿಷ ತಡವಾಗುತ್ತದೆ ಎಂದು ಮುಂಚಿತವಾಗಿಯೇ ಸಾರಿದ. ಹಾಗೆಯೇ ಆಯಿತು. ಭೂಕಕ್ಷೆಯ ಅಡ್ಡಗಲವನ್ನು ದಾಟಲು ಬೆಳಕಿಗೆ 22 ನಿಮಿಷ ಬೇಕೆಂದು ಆತ ಹೇಳಿದ. ಈಗ ನಮಗೆ ಗೊತ್ತಿರುವುದು 16 ನಿಮಿಷ 40 ಸೆಕೆಂಡಿಗೆ ತುಸು ಕಡಿಮೆ. ಕ್ಯಾಸಿನಿ ಮಾತ್ರ ಒಪ್ಪಲಿಲ್ಲ.

ವೀಕ್ಷಣಾಲಯದಲ್ಲಿ ರೋಮರ್‌ನ ನೆನಪಿಗೊಂದು ಫಲಕವಿದೆ. ಆತನನ್ನು ಬೆಳಕಿನ ವೇಗವನ್ನು ಮೊದಲು ಅಳೆದವನೆಂದು ಎಲ್ಲರೂ ಹೇಳುತ್ತಾರೆ, ಆದರೆ ಈ ಮಾತಿಗೆ ನನ್ನದೊಂದು ತಕರಾರಿದೆ. ಸೆಕೆಂಡಿಗೆ ಇಷ್ಟು ದೂರ ಎಂಬ ಸಂಖ್ಯೆಯನ್ನು ರೋಮರ್ ಕೊಡಲೇ ಇಲ್ಲ. ಸೂರ್ಯನ ದೂರದ ಅಂದಾಜನ್ನು ಸೇರಿಸಿ ಅದನ್ನು ಲೆಕ್ಕ ಹಾಕಿದವನು ಡಚ್ ವಿಜ್ಞಾನಿ ಹೈಗನ್ಸ್. ಅವನಿಗೆ ಸಿಕ್ಕಿದ್ದು ಸೆಕೆಂಡಿಗೆ ಎರಡು ಲಕ್ಷ ಕಿಲೋಮೀಟರಿಗಿಂತ ಸ್ವಲ್ಪ ಹೆಚ್ಚು. ರೋಮರ್ ತೋರಿಸಿದ್ದು ಅದಕ್ಕಿಂತ ದೊಡ್ಡದು: ಬೆಳಕಿಗೆ ಪ್ರಯಾಣವೆಂಬುದು ಇದೆ. ಅದಕ್ಕೂ ಮೊದಲು ಗೆಲಿಲಿಯೊ, ಇಬ್ಬರು ದೀಪ ಹಿಡಿದು ದೂರ ನಿಂತು ಒಬ್ಬರ ಬೆಳಕು ಕಂಡೊಡನೆ ಇನ್ನೊಬ್ಬರು ಮುಚ್ಚಳ ತೆಗೆಯುವ ಪ್ರಯೋಗವನ್ನು ವಿವರಿಸಿ, ಬೆಳಕು ಕ್ಷಣದಲ್ಲೇ ಅಲ್ಲದಿದ್ದರೆ ಅತಿ ಶೀಘ್ರವಾಗಿಯಂತೂ ತಲುಪುತ್ತದೆ ಎನ್ನುವಷ್ಟಕ್ಕೆ ನಿಲ್ಲಬೇಕಾಗಿ ಬಂದಿತ್ತು. ರೋಮರ್‌ನ ಟಿಪ್ಪಣಿಗಳಲ್ಲಿ ಬಹುಪಾಲು 1728ರ ಕೋಪನ್‌ಹೇಗನ್ ಬೆಂಕಿಯಲ್ಲಿ ಸುಟ್ಟುಹೋದವು. ಅದೇ ವರ್ಷ ಇಂಗ್ಲೆಂಡಿನಲ್ಲಿ ಜೇಮ್ಸ್ ಬ್ರಾಡ್ಲಿ, ನಕ್ಷತ್ರಗಳ ದೂರವನ್ನು ಹುಡುಕಲು ಹೋಗಿ ಅವುಗಳ ಸ್ಥಾನದಲ್ಲಿ ವಾರ್ಷಿಕ ಓಲಾಟವನ್ನು ಕಂಡು, ಅದಕ್ಕೆ ಬೆಳಕಿನ ವೇಗವೇ ಕಾರಣವೆಂದು ವಿವರಿಸಿದ. ಇಲ್ಲಿಯೂ ಹುಡುಕಿದ್ದು ಒಂದು, ಸಿಕ್ಕಿದ್ದು ಇನ್ನೊಂದು.

ಬೆಳಕಿನ ವೇಗವನ್ನೇ ಗುರಿಯಾಗಿಟ್ಟುಕೊಂಡು ಈ ನೆಲದ ಮೇಲೆಯೇ ಅದನ್ನು ಅಳೆದು ತೋರಿಸಿದವನು ಫ್ರೆಂಚ್ ಭೌತವಿಜ್ಞಾನಿ ಇಪ್ಪೊಲಿತ್ ಫಿಜೋ. ಅವನಿಗಾಗಿಯೇ ಎರಡನೆಯ ದಿನ ಟ್ರಾಮ್ ಹತ್ತಿ ಊರಿನ ಪಶ್ಚಿಮಕ್ಕಿರುವ ಸ್ಯುರೇನ್‌ಗೆ ಹೋದೆ. ಸೇನ್ ನದಿಯ ದಂಡೆಯಿಂದ ಮೋಂ ವಲೇರಿಯನ್ ಗುಡ್ಡಕ್ಕೆ ಏರುವ ಬೀದಿಗಳು ಸಾಕಷ್ಟು ಕಡಿದಾಗಿವೆ. ಫೆಶೆರೇ ಎಂಬ ಮೇಲ್ದಂಡೆಯನ್ನು ತಲುಪಿ ಪೂರ್ವಕ್ಕೆ ತಿರುಗಿದಾಗ ಬುಲೋನ್ ಕಾಡಿನಾಚೆ ಇಡೀ ಪ್ಯಾರಿಸ್ ಹರಡಿಕೊಂಡಿತ್ತು. ಎಡಬದಿಯ ದೂರದಲ್ಲಿ, ಮಬ್ಬಿನ ನಡುವೆ, ಮೊಂಮಾರ್ತ್ ದಿಬ್ಬದ ಮೇಲಿನ ಬಿಳಿ ಇಗರ್ಜಿ. 1849ರಲ್ಲಿ ಆ ಇಗರ್ಜಿ ಇರಲಿಲ್ಲ.

ಇದೇ ಊರಿನಲ್ಲಿ, ತನ್ನ ತಂದೆಯ ಮನೆಯಲ್ಲಿ, ಮೂವತ್ತು ತುಂಬದ ಫಿಜೋ ಒಂದು ದೂರದರ್ಶಕವನ್ನು ಮೊಂಮಾರ್ತ್ ಕಡೆಗೆ ತಿರುಗಿಸಿದ. ಅಲ್ಲಿ, 8,633 ಮೀಟರ್ ದೂರದಲ್ಲಿ, ಇನ್ನೊಂದು ದೂರದರ್ಶಕ ಮತ್ತು ಅದರ ನಾಭಿಯಲ್ಲೊಂದು ಕನ್ನಡಿ. ಇಲ್ಲಿ ದೀಪದ ಮುಂದೆ 720 ಹಲ್ಲುಗಳ ಒಂದು ಚಕ್ರ. ಹಲ್ಲುಗಳ ನಡುವಿನ ಸಂದಿಯಿಂದ ಹೊರಟ ಬೆಳಕು ಮೊಂಮಾರ್ತ್‌ಗೆ ಹೋಗಿ ಮರಳುವಷ್ಟರಲ್ಲಿ ಆ ಸಂದಿಯ ಜಾಗಕ್ಕೆ ಹಲ್ಲು ಬಂದಿದ್ದರೆ, ನೋಡುತ್ತಿರುವ ಕಣ್ಣಿಗೆ ಕತ್ತಲೆ. ಚಕ್ರ ನಿಧಾನವಾಗಿ ತಿರುಗುವಾಗ ನಕ್ಷತ್ರದಂತೆ ಮಿನುಗುತ್ತಿದ್ದ ಬಿಂದು, ಸೆಕೆಂಡಿಗೆ 12.6 ಸುತ್ತು ತಲುಪಿದಾಗ ಆರಿಹೋಯಿತು. ವೇಗವನ್ನು ಇಮ್ಮಡಿ ಮಾಡಿದಾಗ ಮರಳುವ ಬೆಳಕಿಗೆ ಮುಂದಿನ ಸಂದಿ ಎದುರಾಗಿ ಬಿಂದು ಮತ್ತೆ ಹೊತ್ತಿಕೊಂಡಿತು.

ಗುಡ್ಡದ ಬೆಂಚಿನ ಮೇಲೆ ಕುಳಿತು ನಾನೂ ಲೆಕ್ಕ ಹಾಕಿದೆ. ಹೋಗಿ ಬರುವ ದಾರಿ 17,266 ಮೀಟರ್. ಸಂದಿಯ ಜಾಗಕ್ಕೆ ಹಲ್ಲು ಬರಲು ಬೇಕಾದ ಕಾಲ, 720ರ ಇಮ್ಮಡಿಯನ್ನು 12.6ರಿಂದ ಗುಣಿಸಿದರೆ, ಸೆಕೆಂಡಿನ 18,144ರಲ್ಲಿ ಒಂದು ಭಾಗ. ಗುಣಾಕಾರ ಮುಗಿದಾಗ ಸೆಕೆಂಡಿಗೆ 3,13,000 ಕಿಲೋಮೀಟರ್ ದಾಟಿತು. ಫಿಜೋ ತನ್ನ ಅಳತೆಗಳ ಸರಾಸರಿಯೆಂದು ಪ್ರಕಟಿಸಿದ್ದು ಸುಮಾರು 3,15,000. ನಿಜವಾದ ಬೆಲೆಗಿಂತ ಶೇಕಡಾ ಐದರಷ್ಟು ಹೆಚ್ಚು. ಬಿಂದು ಯಾವ ಕ್ಷಣದಲ್ಲಿ ಪೂರ್ತಿ ಆರಿತು ಎಂಬುದನ್ನು ಕಣ್ಣಳತೆಯಲ್ಲೇ ನಿರ್ಧರಿಸಬೇಕಿದ್ದ ಪ್ರಯೋಗದಲ್ಲಿ ಇಷ್ಟು ತಪ್ಪು ನನಗಂತೂ ತಪ್ಪೆಂದೇ ಅನ್ನಿಸುವುದಿಲ್ಲ. ಕೈಯಲ್ಲಿ ಮುಟ್ಟಬಹುದಾದ ಹಲ್ಲಿನ ಚಕ್ರವೊಂದು ಬೆಳಕಿನೊಡನೆ ಪಂದ್ಯಕ್ಕಿಳಿದು ಅದನ್ನು ತಡೆದು ನಿಲ್ಲಿಸಿದ್ದನ್ನು ನೆನೆದರೆ, ಈ ಇಡೀ ಚರಿತ್ರೆಯಲ್ಲಿ ಇದಕ್ಕಿಂತ ಸೊಗಸಾದ ಸಂಜೆ ಇನ್ನೊಂದಿಲ್ಲ.

ಅಂದೇ ಮಧ್ಯಾಹ್ನ ಮೊಂಮಾರ್ತ್‌ಗೂ ಹೋದೆ. ಅಲ್ಲಿ ಚಿತ್ರಕಾರರಿದ್ದರು, ಜನಜಂಗುಳಿಯಿತ್ತು. ಪಶ್ಚಿಮಕ್ಕೆ ಸ್ಯುರೇನ್ ಕಾಣುವ ತೆರೆದ ಜಾಗಕ್ಕಾಗಿ ಬಹಳ ಹುಡುಕಿದರೂ ಮನೆಗಳ ಮಾಡು ಮತ್ತು ಮರಗಳ ನಡುವೆ ನನಗೆ ಸಿಗಲಿಲ್ಲ.

ಮೂರನೆಯ ದಿನ ಹೊರಡುವ ಮುನ್ನ ಮತ್ತೊಮ್ಮೆ ವೀಕ್ಷಣಾಲಯದ ಗೇಟಿನೆದುರು ನಿಂತೆ, ಏಕೆಂದರೆ ಇನ್ನೊಬ್ಬ ಫ್ರೆಂಚ್ ಭೌತವಿಜ್ಞಾನಿ ಲೆಯೋಂ ಫೂಕೋನ ಪಾಲು ಬಾಕಿಯಿತ್ತು. ಫಿಜೋ ಮತ್ತು ಫೂಕೋ ಹುಟ್ಟಿದ್ದು 1819ರ ಸೆಪ್ಟೆಂಬರ್‌ನಲ್ಲಿ, ಐದು ದಿನಗಳ ಅಂತರದಲ್ಲಿ. ಮೊದಲು ಜೊತೆಗಾರರು, ಆಮೇಲೆ ಪೈಪೋಟಿಗಾರರು. ಗಾಳಿಗಿಂತ ನೀರಿನಲ್ಲಿ ಬೆಳಕು ನಿಧಾನವೇ ಎಂಬುದನ್ನು ತಿರುಗುವ ಕನ್ನಡಿಯಿಂದ ಪರೀಕ್ಷಿಸಬಹುದೆಂದು ಆರಾಗೋ 1838ರಲ್ಲೇ ಸೂಚಿಸಿದ್ದರೂ, ಆತನ ಕಣ್ಣು ಮಂಜಾಗುತ್ತಾ ಬಂದಿತ್ತು. 1850ರಲ್ಲಿ ಇಬ್ಬರೂ ಅದನ್ನು ಕೈಗೆತ್ತಿಕೊಂಡರು, ಫೂಕೋ ಕೆಲವೇ ವಾರಗಳಿಂದ ಗೆದ್ದ. ನೀರಿನಲ್ಲಿ ಬೆಳಕು ನಿಧಾನವೆಂದು ಖಚಿತವಾಯಿತು. 1862ರಲ್ಲಿ ಇದೇ ಕಟ್ಟಡದೊಳಗೆ ಆತ ಬೆಳಕನ್ನು ಕನ್ನಡಿಗಳ ನಡುವೆ ಮಡಚಿ ಇಪ್ಪತ್ತೇ ಮೀಟರ್ ದೂರ ಕಳಿಸಿ ವಾಪಸು ತರಿಸಿದ. ಸೆಕೆಂಡಿಗೆ 400 ಸುತ್ತು ತಿರುಗುತ್ತಿದ್ದ ಪುಟ್ಟ ಕನ್ನಡಿ ಅಷ್ಟರಲ್ಲಿ ಕೂದಲೆಳೆಯಷ್ಟು ವಾಲಿರುತ್ತಿತ್ತು, ಬಿಂಬ 0.7 ಮಿಲಿಮೀಟರ್ ಪಕ್ಕಕ್ಕೆ ಸರಿಯಿತು. ಕನ್ನಡಿಯನ್ನು ತಿರುಗಿಸುವ ಗಾಳಿಯ ಒತ್ತಡ ಏರುಪೇರಾಗದಂತೆ ತಿದಿಯನ್ನು ಒದಗಿಸಿದವನು ಇಗರ್ಜಿಗಳಿಗೆ ಆರ್ಗನ್ ವಾದ್ಯ ಕಟ್ಟುತ್ತಿದ್ದ ಕವಾಯೆ-ಕೋಲ್. ಫಲಿತಾಂಶ ಸೆಕೆಂಡಿಗೆ 2,98,000 ಕಿಲೋಮೀಟರ್. ಇದಕ್ಕೂ ಹಿನ್ನೆಲೆ ಬೇರೆಯದೇ: ವೀಕ್ಷಣಾಲಯದ ನಿರ್ದೇಶಕ ಲವೆರಿಯೇಗೆ ಬೇಕಿದ್ದದ್ದು ಸೂರ್ಯನ ದೂರ.

ಮುಂದೆ ಈ ಕೆಲಸ ಅಟ್ಲಾಂಟಿಕ್ ದಾಟಿತು. ಅಮೆರಿಕದ ಭೌತವಿಜ್ಞಾನಿ ಮೈಕೆಲ್ಸನ್ ಬಹುಪಾಲು ಆಯುಷ್ಯವನ್ನೇ ಇದಕ್ಕೆ ಕೊಟ್ಟು, 1926ರಲ್ಲಿ ಕ್ಯಾಲಿಫೋರ್ನಿಯಾದ ಎರಡು ಶಿಖರಗಳ ನಡುವೆ 35 ಕಿಲೋಮೀಟರ್ ಅಂತರದಲ್ಲಿ ಬೆಳಕನ್ನು ಓಡಿಸಿ 2,99,796 ಎಂಬ ಸಂಖ್ಯೆ ಪಡೆದ. ನನ್ನ ದಾರಿ ಮಾತ್ರ ಸೇನ್ ನದಿಯ ಪಕ್ಕದಲ್ಲೇ ಇತ್ತು.

ಟ್ರಾಮಿನಲ್ಲಿ ಸೆವ್ರ್‌ಗೆ ಹೋಗಿ ಇಳಿದರೆ ಸೇಂ-ಕ್ಲೂ ಉದ್ಯಾನದ ಅಂಚಿನ ಇಳಿಜಾರಿನಲ್ಲಿ ಬ್ರತೇಯ್ ಭವನ. ತೂಕ ಮತ್ತು ಅಳತೆಗಳ ಅಂತರರಾಷ್ಟ್ರೀಯ ಸಂಸ್ಥೆ ಇರುವುದು ಇಲ್ಲಿ. ಪ್ರವಾಸಿಗರು ಸುಮ್ಮನೆ ಒಳಹೋಗುವ ಜಾಗವಲ್ಲ. ನಾನು ಹೊರಗಿನಿಂದಲೇ ನೋಡಿದೆ. 1889ರಲ್ಲಿ ಪ್ಲಾಟಿನಂ-ಇರಿಡಿಯಂ ದಂಡವೊಂದನ್ನು ಇಲ್ಲಿಯ ನೆಲಮಾಳಿಗೆಯಲ್ಲಿಟ್ಟು, ಅದರ ಮೇಲಿನ ಎರಡು ಗೆರೆಗಳ ಅಂತರವೇ ಮೀಟರ್ ಎಂದರು. 1960ರಲ್ಲಿ ದಂಡವನ್ನು ಬಿಟ್ಟು ಕ್ರಿಪ್ಟಾನ್ ಪರಮಾಣುವಿನ ಕಿತ್ತಳೆ ಬೆಳಕಿನ 16,50,763.73 ಅಲೆಗಳನ್ನು ಮೀಟರ್ ಎಂದು ಕರೆದರು. ಹನ್ನೆರಡು ವರ್ಷಗಳ ನಂತರ ಅಮೆರಿಕದ ಬೌಲ್ಡರ್‌ನಲ್ಲಿ ಲೇಸರಿನ ಆವೃತ್ತಿ ಮತ್ತು ತರಂಗಾಂತರ ಎರಡನ್ನೂ ಅಳೆದು ಗುಣಿಸಿದ ತಂಡಕ್ಕೆ ಸೆಕೆಂಡಿಗೆ 29,97,92,456.2 ಮೀಟರ್ ಎಂಬ ಉತ್ತರ ಸಿಕ್ಕಿತು, 1.1 ಮೀಟರ್ ಅತ್ತಿತ್ತ ಇರಬಹುದು ಎಂಬ ಷರತ್ತಿನೊಂದಿಗೆ. ಆ ಷರತ್ತಿಗೆ ಮುಖ್ಯ ಕಾರಣ ಲೇಸರ್ ಅಲ್ಲ, ಕ್ರಿಪ್ಟಾನ್ ಮೀಟರೇ. ಅಳೆಯಬೇಕಾದದ್ದು ಸ್ಪಷ್ಟವಾಗಿತ್ತು, ಅಳತೆಗೋಲು ಮಸುಕಾಗಿತ್ತು.

ಹಾಗಾಗಿ 1983ರ ಅಕ್ಟೋಬರ್‌ನಲ್ಲಿ ಗೋಲನ್ನೇ ಬದಲಿಸಿದರು. ನಿರ್ವಾತದಲ್ಲಿ ಬೆಳಕು ಸೆಕೆಂಡಿನ 29,97,92,458ರಲ್ಲಿ ಒಂದು ಭಾಗದಲ್ಲಿ ಸಾಗುವ ದೂರವೇ ಒಂದು ಮೀಟರ್. ಅಂದಿನಿಂದ ಬೆಳಕಿನ ವೇಗ ಅಳತೆಯ ವಿಷಯವಲ್ಲ. ಇಂದು ಯಾರಾದರೂ ಫಿಜೋನ ಚಕ್ರವನ್ನು ಮತ್ತೆ ತಿರುಗಿಸಿದರೆ ಅವರಿಗೆ ತಿಳಿಯುವುದು ಸ್ಯುರೇನ್‌ನಿಂದ ಮೊಂಮಾರ್ತ್ ಎಷ್ಟು ದೂರ ಎಂಬುದಷ್ಟೇ. ವೋಜಿರಾರ್ ಬೀದಿಯ ಅಮೃತಶಿಲೆಯಿಂದ ಆರಂಭಿಸಿದ್ದ ನಾನು ತುದಿಯಿಂದ ಮೊದಲಿಗೆ ನಡೆದಿದ್ದೆ.

ಹಿಂದಿರುಗುವ ಟ್ರಾಮ್ ಸ್ಯುರೇನ್ ದಾಟುವಾಗ ಸಂಜೆಯಾಗಿತ್ತು. ಗುಡ್ಡದ ಮನೆಗಳ ಕಿಟಕಿಗಳಲ್ಲಿ ಒಂದೊಂದಾಗಿ ದೀಪ ಹೊತ್ತಿಕೊಳ್ಳುತ್ತಿತ್ತು.