ಬ್ರಿಟಿಷ್ ಕಾಮಿಡಿಯಲ್ಲಿ ಯಹೂದಿಗಳು ಎಲ್ಲಿದ್ದಾರೆ?

ಹಳೇ ಬ್ರಿಟಿಷ್ ಕಾಮಿಡಿ ಬಗ್ಗೆ ಏನು ಬರೆದರೂ ಯಾರಾದರೊಬ್ಬರು ಕೇಳಿಯೇ ಕೇಳುತ್ತಾರೆ: ಅಮೆರಿಕದ ಹಾಸ್ಯ ಅಂದರೆ ಯಹೂದಿಗಳ ಹೆಸರು ಸಾಲಾಗಿ ನೆನಪಾಗುತ್ತೆ, ಬ್ರಿಟನ್ನಿನಲ್ಲಿ ಯಾಕಿಲ್ಲ? ಇದ್ದಾರೆ. ಎಷ್ಟೋ ಜನ ಹೆಸರು ಬದಲಾಯಿಸಿಕೊಂಡಿದ್ದರು, ಅಷ್ಟೇ.

ಎರಡನೇ ಮಹಾಯುದ್ಧದ ಕಾಲದ ಕಥೆಯಿರುವ ಬ್ರಿಟಿಷ್ ಟಿವಿ ಕಾಮಿಡಿ 'ಡ್ಯಾಡ್ಸ್ ಆರ್ಮಿ' ಸೀರಿಯಲ್‌ನ ಶುರುವಿನ ಹಾಡು ಕೇಳಿದ್ದೀರಾ? ಹಿಟ್ಲರನನ್ನು ಗೇಲಿ ಮಾಡುವ ಆ ಹಾಡು ಯುದ್ಧಕಾಲದ್ದೇ ಅಂತ ಬಹಳ ಜನ ನಂಬಿದ್ದಾರೆ. ಆದರೆ ಅದನ್ನು ಬರೆದದ್ದು 1968ರಲ್ಲಿ, ಆ ಸೀರಿಯಲ್‌ಗೆ ಅಂತಲೇ. ಹಾಡಿದವನು ಬಡ್ ಫ್ಲಾನಗನ್. ದನಿ ಅಪ್ಪಟ ಲಂಡನ್ನಿನದು, ಆದರೆ ಹುಟ್ಟುಹೆಸರು ಹೈಮ್ ವೈನ್‌ಟ್ರಾಪ್. ಪೋಲೆಂಡಿನಿಂದ ಬಂದ ಯಹೂದಿ ದಂಪತಿಗೆ 1896ರಲ್ಲಿ ಲಂಡನ್ನಿನ ವೈಟ್‌ಚಾಪೆಲ್‌ನಲ್ಲಿ ಹುಟ್ಟಿದ ಮಗ. ಮೊದಲ ಮಹಾಯುದ್ಧದಲ್ಲಿ, ಯಹೂದಿಗಳನ್ನು ಕಂಡರಾಗದ ಫ್ಲಾನಗನ್ ಎಂಬ ಸಾರ್ಜೆಂಟ್ ಮೇಜರ್ ಇವನನ್ನು ಗೋಳು ಹೊಯ್ದುಕೊಂಡಿದ್ದನಂತೆ, ಇವನು ಅದೇ ಹೆಸರನ್ನು ಇಟ್ಟುಕೊಂಡು ಸ್ಟೇಜ್ ಹತ್ತಿ ಊರನ್ನೆಲ್ಲ ನಗಿಸಿದ. ಸೇಡು ಅಂದರೆ ಹೀಗಿರಬೇಕು!

1881ರ ನಂತರ ರಷ್ಯಾ ಸಾಮ್ರಾಜ್ಯದ ದೊಂಬಿ, ಬಡತನ ತಾಳಲಾರದೆ ಓಡಿಬಂದ ಯಹೂದಿಗಳಲ್ಲಿ ಬಹಳಷ್ಟು ಮಂದಿ ಲಂಡನ್ನಿನ ಈಸ್ಟ್ ಎಂಡ್ ಸೇರಿದರು. ಜಾಸ್ತಿ ಜನಕ್ಕೆ ಸಿಕ್ಕಿದ್ದು ಹೊಲಿಗೆ ಕೆಲಸ. ದೊಡ್ಡವರ ಕ್ಲಬ್ಬು, ಕಚೇರಿಗಳಿಗೆ ಇವರು ಬೇಕಿರಲಿಲ್ಲ. ಹಾಡು, ಹಾಸ್ಯ, ಕುಣಿತ ಎಲ್ಲ ನಡೆಯುವ ಮ್ಯೂಸಿಕ್ ಹಾಲ್ ಎಂಬ ಜನರ ರಂಗಮಂದಿರದಲ್ಲಿ ಹಾಗಲ್ಲ, ಜನ ನಕ್ಕರೆ ಸಾಕು, ಯಾರ ಮಗ ಅಂತ ಯಾರು ಕೇಳ್ತಾರೆ? ಈಗಿನ ಉಕ್ರೇನಿನಲ್ಲಿ ಹುಟ್ಟಿ 1912ರಲ್ಲಿ ಬಂದ ಲೆವ್ ವಿನೋಗ್ರಾಡ್ಸ್ಕಿ ಎಂಬ ಹುಡುಗ ಮೊದಲು ಚಾರ್ಲ್ಸ್‌ಟನ್ ಕುಣಿತದ ಚಾಂಪಿಯನ್ ಆದ, ಆಮೇಲೆ ಕಲಾವಿದರ ಏಜೆಂಟ್ ಆದ, ಕೊನೆಗೆ ಲೂ ಗ್ರೇಡ್ ಎಂಬ ಹೆಸರಿನಲ್ಲಿ ಟಿವಿ ಲೋಕವನ್ನೇ ಆಳಿದ. ಅಮೆರಿಕದ ದೊಡ್ಡ ಚಾನೆಲ್‌ಗಳು ಬೇಡ ಅಂದ ಗೊಂಬೆಗಳ ಕಾಮಿಡಿ 'ಮಪೆಟ್ ಶೋ'ಗೆ ದುಡ್ಡು ಹಾಕಿದವನೂ ಇವನೇ.

ನನಗೆ ಎಲ್ಲಕ್ಕಿಂತ ವಿಚಿತ್ರ ಅನ್ನಿಸುವುದು ಆಲ್ಫ್ ಗಾರ್ನೆಟ್. 1965ರಲ್ಲಿ ಬಂದ ಈ ಟಿವಿ ಪಾತ್ರ ಕರಿಯರು, ಯಹೂದಿಗಳು ಅಂತ ಎಲ್ಲರನ್ನೂ ಬಾಯಿಗೆ ಬಂದಂತೆ ಬಯ್ಯುತ್ತೆ. ಆ ಪಾತ್ರ ಮಾಡಿದ ವಾರೆನ್ ಮಿಚೆಲ್ ಯಹೂದಿ! ಹಾಗೆ ಬಯ್ಯುವವರನ್ನು ಗೇಲಿ ಮಾಡಲೆಂದೇ ಬರೆದ ಪಾತ್ರ, ಆದರೆ ನೋಡುವವರಲ್ಲಿ ಕೆಲವರು ಆಲ್ಫ್ ಹೇಳುವುದೇ ಸರಿ ಅಂದುಕೊಂಡರು. ಪೀಟರ್ ಸೆಲ್ಲರ್ಸ್ ತಾಯಿಯೂ ಯಹೂದಿ. ಅವನು ಮುಖಕ್ಕೆ ಕಂದು ಬಣ್ಣ ಬಳಿದುಕೊಂಡು ಭಾರತೀಯನಾಗಿ ನಟಿಸಿದ 'ದಿ ಪಾರ್ಟಿ' ಸಿನಿಮಾ ನೋಡುವಾಗ ನಾನು ನಗುತ್ತೇನೆ, ಒಳಗೊಳಗೇ ಇರುಸುಮುರುಸೂ ಆಗುತ್ತೆ.

ಈಗ ಮುಚ್ಚುಮರೆ ಕಡಿಮೆ. ಯಹೂದಿ ಹಾಸ್ಯಗಾರರಾದ ಡೇವಿಡ್ ಬಡಿಯಲ್, ಸಾಚಾ ಬ್ಯಾರನ್ ಕೋಹೆನ್ ಸ್ವಂತ ಹೆಸರಲ್ಲೇ ಇದ್ದಾರೆ. ಎಲ್ಲಿಂದ ಶುರು ಮಾಡಲಿ ಅನ್ನುವವರಿಗೆ ನನ್ನ ಸಲಹೆ, 2011ರಲ್ಲಿ ಶುರುವಾದ ಟಿವಿ ಸೀರಿಯಲ್ 'ಫ್ರೈಡೇ ನೈಟ್ ಡಿನ್ನರ್'. ಲಂಡನ್ನಿನ ಒಂದು ಯಹೂದಿ ಮನೆ, ಪ್ರತಿ ಶುಕ್ರವಾರ ರಾತ್ರಿ ಊಟ, ಊಟ ಮುಗಿಯುವುದರೊಳಗೆ ಏನಾದರೊಂದು ರಾದ್ಧಾಂತ.