ರೇಡಿಯೊದೊಳಗಿನ ‘ಉಟ್ಟು’

ಶಾಲೆಗೆ ಸೇರಿದ ಮೊದಲ ವಾರ. ‘ಪುಸ್ತಕ ಎಲ್ಲಿದೆ?’ ಎಂದು ಮೇಷ್ಟ್ರು ಕೇಳಿದಾಗ ‘ಚೀಲದಲ್ಲಿ ಉಟ್ಟು’ ಎಂದೆ. ಕೊಡಗಿನ ನಮ್ಮ ಮನೆಮಾತು ಅರೆಭಾಷೆಯಲ್ಲಿ ‘ಇದೆ’ ಎನ್ನುವುದಕ್ಕೆ ‘ಉಟ್ಟು’. ತರಗತಿಯೆಲ್ಲ ನಕ್ಕಿತು. ಮೇಷ್ಟ್ರು ನಗಲಿಲ್ಲ, ತಿದ್ದಿ ಪಾಠ ಮುಂದುವರಿಸಿದರು. ಅಂದಿನಿಂದ ‘ಉಟ್ಟು’ ಮನೆಗೆ, ‘ಇದೆ’ ಶಾಲೆಗೆ.

1993ರ ಡಿಸೆಂಬರ್ ಕೊನೆಗೆ ಮಡಿಕೇರಿ ಆಕಾಶವಾಣಿ ಶುರುವಾದಾಗ ನಾನು ಒಂಬತ್ತನೆಯ ತರಗತಿಯಲ್ಲಿದ್ದೆ. ನಮ್ಮ ಹಳೆಯ ರೇಡಿಯೊದಲ್ಲಿ ಎಫ್‌ಎಂ ಇರಲಿಲ್ಲ. ಕಾಫಿ ಮಾರಿದ ಹಣದಲ್ಲಿ ಅಪ್ಪ ಹೊಸದೊಂದನ್ನು ತಂದರು. ಎಫ್‌ಎಂ ತರಂಗಕ್ಕೆ ಗುಡ್ಡ ಅಡ್ಡವಾಗುತ್ತದೆ, ನಮ್ಮದೋ ಗುಡ್ಡದ ಮರೆಯ ಮನೆ. ಅಟ್ಟದ ಕಿಟಕಿಯಲ್ಲಿಟ್ಟರೆ ಮಾತ್ರ 103.1 ಸಿಗುತ್ತಿತ್ತು. ಒಂದು ಸಂಜೆ ಅಲ್ಲಿಂದ ಅರೆಭಾಷೆ ಕೇಳಿಸಿತು. ಅವ್ವ ರೊಟ್ಟಿ ಹಿಟ್ಟಿನ ಕೈಯಲ್ಲೇ ಏಣಿ ಹತ್ತಿ ಬಂದರು. ಯಾರೋ ಹೆಂಗಸು ಅವ್ವನ ಹಾಗೆಯೇ ‘ಉಟ್ಟು’ ಎನ್ನುತ್ತಿದ್ದರು. ಅವ್ವ ಕಾರ್ಯಕ್ರಮ ಮುಗಿಯುವವರೆಗೆ ಕುಳಿತುಕೊಳ್ಳಲೂ ಇಲ್ಲ.

ಕಾಫಿ ಹೂ ಅರಳಿಸುವ ಹೂಮಳೆಯ ದಿನಗಳಲ್ಲಿ ಗುಡುಗು ಮಿಂಚಿದ್ದರೂ ಈ ಧ್ವನಿ ಗೊರಗುಟ್ಟುತ್ತಿರಲಿಲ್ಲ. ಏಕೆಂದು ಮೇಷ್ಟ್ರನ್ನು ಕೇಳಿದೆ. ಅವರು ಕಪ್ಪುಹಲಗೆಯ ಮೇಲೆ ಎರಡು ಅಲೆ ಬರೆದರು. ಹಳೆಯ ಮಧ್ಯಮ ತರಂಗದಲ್ಲಿ ಮಾತು ಅಲೆಯ ಎತ್ತರದಲ್ಲಿರುತ್ತದೆ, ಮಿಂಚು ಕೆಡಿಸುವುದು ಆ ಎತ್ತರವನ್ನೇ. ಎಫ್‌ಎಂನಲ್ಲಿ ಮಾತು ಅಡಗಿರುವುದು ಆವರ್ತನದ ಏರಿಳಿತದಲ್ಲಿ, ಮಿಂಚು ಅದನ್ನು ಅಷ್ಟಾಗಿ ಮುಟ್ಟದು. ಇಷ್ಟು ಹೇಳಿ, ‘ನಿಮ್ಮ ಮನೆಮಾತಿನ ಕಾರ್ಯಕ್ರಮ ಬರುತ್ತದಂತಲ್ಲ, ಏನು ಕೇಳಿದೆ? ಅದೇ ಮಾತಿನಲ್ಲಿ ಹೇಳು’ ಎಂದರು. ಹೇಳಿದೆ. ಕೆಲವರು ನಕ್ಕರು. ನಾನು ನಿಲ್ಲಿಸಲಿಲ್ಲ.

2011ರಲ್ಲಿ ಸರ್ಕಾರ ಅರೆಭಾಷೆಗೆ ಅಕಾಡೆಮಿ ರಚಿಸಿದಾಗ ಸಂತೋಷಪಟ್ಟೆ. ಆದರೆ ನನ್ನ ಮಟ್ಟಿಗೆ ಆ ಮನ್ನಣೆ ಅಟ್ಟದ ಕಿಟಕಿಯಲ್ಲೇ ಸಿಕ್ಕಿತ್ತು.

ಈಗ ಬೆಂಗಳೂರಿನಲ್ಲಿ ನನ್ನ ಮಗಳು ಮೊಬೈಲ್‌ಗೆ ಮಾತಿನಲ್ಲೇ ಅಪ್ಪಣೆ ಕೊಡುತ್ತಾಳೆ. ಅರೆಭಾಷೆಯಲ್ಲಿ ಕೇಳಿದರೆ ಅದು ಏನೇನೋ ಬರೆಯುತ್ತದೆ. ಅವಳು ಬೇಸರವಿಲ್ಲದೆ ಇಂಗ್ಲಿಷಿಗೆ ಹೊರಳುತ್ತಾಳೆ. ಆ ಬೇಸರವಿಲ್ಲದಿರುವುದೇ ನನ್ನನ್ನು ಕಾಡುತ್ತದೆ. ರೇಡಿಯೊ ನಮ್ಮ ಮಾತಿನ ಬಳಿಗೆ ಬಂದಿತ್ತು, ಮೊಬೈಲ್ ನಮ್ಮನ್ನೇ ತನ್ನ ಮಾತಿನ ಬಳಿಗೆ ಕರೆದುಕೊಳ್ಳುತ್ತಿದೆ. ಹಳ್ಳಿಯ ಹಿರಿಯರ ಮಾತನ್ನು ಧ್ವನಿಮುದ್ರಿಸಿ ಈ ಯಂತ್ರಗಳಿಗೂ ಕಲಿಸುವ ಕೆಲಸವನ್ನು ನಮ್ಮ ಶಾಲೆಯ ಇಂದಿನ ಮಕ್ಕಳು ಕೈಗೆತ್ತಿಕೊಳ್ಳಬೇಕೆಂದು ನನ್ನ ಆಸೆ.

ಅದೇ ಮೊಬೈಲ್‌ಗೆ ನಾನು ಋಣಿಯೂ ಹೌದು. 2018ರ ಆಗಸ್ಟ್‌ನಲ್ಲಿ ಮಕ್ಕಂದೂರು, ಜೋಡುಪಾಲದ ಕಡೆ ಗುಡ್ಡಗಳು ಕುಸಿದಾಗ ಊರಿನಲ್ಲಿ ಕರೆಂಟ್ ಇರಲಿಲ್ಲ, ಯಾರಿಗೂ ಕರೆ ಹೋಗುತ್ತಿರಲಿಲ್ಲ. ಮೂರನೆಯ ದಿನ ರಾತ್ರಿ ಅವ್ವನ ಧ್ವನಿ ಸಂದೇಶವೊಂದು ಬಂತು. ಮಳೆಯ ಸದ್ದಿನ ನಡುವೆ ಎರಡೇ ಮಾತು: ‘ಮನೆ ಉಟ್ಟು.’