ಮಂಗಳದ ಜೇಡಗಳ ಜೊತೆ ಒಂದು ಭಾನುವಾರ

ಬೆಳಿಗ್ಗೆ ಒಂಬತ್ತಕ್ಕೆ ಕಂಪ್ಯೂಟರಿನಲ್ಲಿ ತೆರೆದ ಮೊದಲ ಚಿತ್ರದಲ್ಲಿ ಮಂಜುಗಡ್ಡೆ ಬಿಟ್ಟರೆ ಹೆಚ್ಚೇನೂ ಕಾಣಲಿಲ್ಲ. ಮಂಗಳ ಗ್ರಹದ ದಕ್ಷಿಣ ಧ್ರುವದ ಹತ್ತಿರ, ಸುಮಾರು 81 ಡಿಗ್ರಿ ಅಕ್ಷಾಂಶದಲ್ಲಿರುವ ಈ ಜಾಗಕ್ಕೆ ಇಂಕಾ ನಗರ ಎಂದು ಹೆಸರು. 1972ರಲ್ಲಿ ಮ್ಯಾರಿನರ್ 9 ನೌಕೆಯ ಚಿತ್ರಗಳಲ್ಲಿ ಇಲ್ಲಿನ ಕಲ್ಲಿನ ದಿಣ್ಣೆಗಳು ಪಾಳುಬಿದ್ದ ಕೋಟೆಯ ಗೋಡೆಗಳಂತೆ ಅಡ್ಡಡ್ಡ ನಿಂತಿದ್ದವು; ಹೆಸರು ಬಂದದ್ದು ಅದರಿಂದ. ಎರಡನೇ ಚಿತ್ರದಲ್ಲಿ ಬಿಳಿ ನೆಲದ ಮೇಲೆ ಎಳ್ಳು ಚೆಲ್ಲಿದಂತೆ ಕಪ್ಪು ಚುಕ್ಕೆಗಳು. ನಾಲ್ಕನೆಯದರಲ್ಲಿ ಆ ಚುಕ್ಕೆಗಳಿಗೆಲ್ಲ ಬಾಲ ಬೆಳೆದು, ಎಲ್ಲವೂ ಒಂದೇ ಕಡೆಗೆ ತಿರುಗಿದ್ದವು. ಕೊನೆಯ ಚಿತ್ರದ ಹೊತ್ತಿಗೆ ಮಂಜು ಹೋಗಿ, ಚುಕ್ಕೆ ಬಾಲ ಎರಡೂ ಮಾಯವಾಗಿ, ನೆಲದಲ್ಲಿ ಕೊರೆದ ನೂರಾರು ಕಾಲಿನ ಜೇಡಗಳು ಉಳಿದಿದ್ದವು. ಒಂದೇ ವಸಂತದ ಚಿತ್ರಗಳು ಇವು. ಆ ನೆಲಕ್ಕೆ ಜೀವವಿದೆ ಎಂದು ಯಾರಾದರೂ ಹೇಳಿದರೆ, ನೋಡುತ್ತಾ ಕೂತ ಆ ಹೊತ್ತಿನಲ್ಲಿ ತಕ್ಷಣ ಅಲ್ಲಗಳೆಯಲು ಆಗುವುದಿಲ್ಲ.

2001ರಲ್ಲಿ ವೈಜ್ಞಾನಿಕ ಕಥೆಗಾರ ಆರ್ಥರ್ ಸಿ. ಕ್ಲಾರ್ಕ್ ಇಂಥ ಚಿತ್ರಗಳನ್ನು ನೋಡಿ ಆಲದ ಮರದ ಹೆಸರು ಹೇಳಿದ್ದರು, ಋತುವಿಗೆ ತಕ್ಕಂತೆ ಬದಲಾಗುವ ಸಸ್ಯವಿರಬಹುದೆಂದು ಗಂಭೀರವಾಗಿಯೇ ಅಂದಿದ್ದರು. ಬಿಳಲು ಬಿಟ್ಟ ಆಲವನ್ನು ಕಂಡವರಿಗೆ ಆ ಹೋಲಿಕೆ ಅರ್ಥವಾಗುತ್ತದೆ. ಬೆಂಗಳೂರಿನ ಹತ್ತಿರದ ದೊಡ್ಡಾಲದ ಮರ ಮೂರು ಎಕರೆ ಹರಡಿದೆ. ಮಂಗಳದ ದೊಡ್ಡ ಜೇಡ ತುದಿಯಿಂದ ತುದಿಗೆ ಒಂದು ಕಿಲೋಮೀಟರ್ ಮುಟ್ಟುತ್ತದೆ.

ಚಿತ್ರ ಹುಡುಕುವುದು ಸುಲಭ. ನಾಸಾದ ನೌಕೆಯೊಂದರಲ್ಲಿರುವ ಹೈರೈಸ್ ಕ್ಯಾಮೆರಾ 2006ರಿಂದ ಮಂಗಳವನ್ನು ಸುತ್ತುತ್ತಿದೆ. ಅರಿಜೋನಾ ವಿಶ್ವವಿದ್ಯಾಲಯ ಅದರ ಚಿತ್ರಗಳನ್ನೆಲ್ಲ ಉಚಿತವಾಗಿ ಕೊಡುತ್ತದೆ. ಪ್ರತಿ ಚಿತ್ರದ ಹೆಸರಿನ ಕೊನೆಯ ನಾಲ್ಕು ಅಂಕಿ ಜಾಗವನ್ನು ಸೂಚಿಸುತ್ತದೆ. 0900 ಅಂದರೆ ದಕ್ಷಿಣ ಧ್ರುವ. 0985 ಅಂದರೆ ಧ್ರುವ ದಾಟಿ ಎಂಟೂವರೆ ಡಿಗ್ರಿ, ಅಂದರೆ ಇಂಕಾ ನಗರದ ಅಕ್ಷಾಂಶ. ಅದೇ ಅಕ್ಷಾಂಶದ ಬೇರೆ ಜಾಗಗಳೂ ಅದೇ ಅಂಕಿಯಲ್ಲಿ ಬರುತ್ತವೆ, ಆದ್ದರಿಂದ ರೇಖಾಂಶವನ್ನೂ ನೋಡಿಯೇ ಇಳಿಸಿಕೊಳ್ಳಬೇಕು.

ಇಳಿಸಿಕೊಂಡ ಮೇಲೆ ತಾರೀಖಿನ ಪ್ರಕಾರ ಜೋಡಿಸಿದರೆ ಕೆಲಸ ಕೆಡುತ್ತದೆ. ಮಂಗಳದ ಒಂದು ವರ್ಷ ನಮ್ಮ 687 ದಿನ, ಹಾಗಾಗಿ ನಮ್ಮ ಕ್ಯಾಲೆಂಡರಿನ ತಿಂಗಳಿಗೂ ಅಲ್ಲಿನ ಋತುವಿಗೂ ಸಂಬಂಧವಿಲ್ಲ. ಚಿತ್ರದ ಜೊತೆ ಕೊಟ್ಟಿರುವ ಸೌರ ರೇಖಾಂಶವನ್ನು, ಅಂದರೆ ಸೂರ್ಯನ ಸುತ್ತಿನ ದಾರಿಯಲ್ಲಿ ಮಂಗಳ ಎಲ್ಲಿದೆ ಎಂದು ಹೇಳುವ ಕೋನವನ್ನು, ಹಿಡಿಯಬೇಕು. 180 ಡಿಗ್ರಿಗೆ ದಕ್ಷಿಣದ ವಸಂತ ಶುರು, 270ಕ್ಕೆ ಬೇಸಿಗೆ. ಚುಕ್ಕೆಗಳು ಏಳುವುದು 180ರ ಆಸುಪಾಸಿನಲ್ಲಿ.

ಆಗ ಅಲ್ಲಿ ನಡೆಯುವುದು ಇಷ್ಟು. ಮಂಗಳದ ಗಾಳಿಯಲ್ಲಿ ಶೇ. 95ರಷ್ಟು ಇಂಗಾಲದ ಡೈಆಕ್ಸೈಡ್. ಧ್ರುವದ ಚಳಿಗಾಲದಲ್ಲಿ ಸುಮಾರು ಮೈನಸ್ 125 ಡಿಗ್ರಿಗೆ ಆ ಗಾಳಿಯೇ ಹೆಪ್ಪುಗಟ್ಟಿ, ಒಂದು ಮೀಟರ್‌ವರೆಗಿನ ದಪ್ಪದ ಡ್ರೈ ಐಸ್ ಚಪ್ಪಡಿಯಾಗಿ ನೆಲಕ್ಕೆ ಅಂಟುತ್ತದೆ. ಈ ಚಪ್ಪಡಿ ಬೆಳಕನ್ನು ಒಳಗೆ ಬಿಡುತ್ತದೆ. ಇಡೀ ಕಥೆ ನಿಂತಿರುವುದು ಅದರ ಮೇಲೆ. ವಸಂತದ ಬಿಸಿಲು ಐಸನ್ನು ಹಾದು ಕೆಳಗಿನ ಕಪ್ಪು ಮಣ್ಣಿಗೆ ತಾಗುತ್ತದೆ, ಮಣ್ಣು ಬೆಚ್ಚಗಾಗುತ್ತದೆ, ಚಪ್ಪಡಿ ತಳದಿಂದ ಆವಿಯಾಗತೊಡಗುತ್ತದೆ. ಆವಿಗೆ ಹೊರದಾರಿ ಇಲ್ಲ. ಒತ್ತಡ ಏರಿ ಐಸ್ ಎಲ್ಲೋ ಒಂದೆಡೆ ಬಿರಿಯುತ್ತದೆ, ಸುತ್ತಲಿನ ಅನಿಲವೆಲ್ಲ ಆ ಬಿರುಕಿನತ್ತ ನುಗ್ಗುವಾಗ ನೆಲವನ್ನು ಕೆರೆದುಕೊಂಡು ಹೋಗುತ್ತದೆ, ಧೂಳಿನ ಚಿಲುಮೆಯಾಗಿ ಮೇಲೆ ಚಿಮ್ಮುತ್ತದೆ. ಗಾಳಿಯಿದ್ದರೆ ಧೂಳು ಬೀಸಣಿಗೆಯ ಆಕಾರದಲ್ಲಿ ಬೀಳುತ್ತದೆ, ಇಲ್ಲದಿದ್ದರೆ ದುಂಡನೆಯ ಕಲೆಯಾಗುತ್ತದೆ. ಪ್ರತಿ ವಸಂತದಲ್ಲೂ ಅದೇ ಬಾಯಿಗೆ ಅದೇ ದಾರಿಯಲ್ಲಿ ಅನಿಲ ಹರಿದು ಜೇಡದ ಕಾಲುಗಳು ಆಳವಾಗುತ್ತವೆ. ಈ ವಿವರಣೆ ವಿಜ್ಞಾನಿ ಹ್ಯೂ ಕೀಫರ್ ಅವರದು.

ಮಧ್ಯಾಹ್ನದ ಹೊತ್ತು ಹೋದದ್ದು ಒಂದು ತಪ್ಪಿನಲ್ಲಿ. ಒಂದು ಚಿತ್ರದಲ್ಲಿ ಜೇಡದ ಕಾಲುಗಳು ಮರದ ಬೇರಿನಂತೆ ನೆಲದಿಂದ ಉಬ್ಬಿ ನಿಂತಿದ್ದವು. ತೋಡುಗಳು ಉಬ್ಬಿ ಕಾಣಲು ಕಾರಣ ನಮ್ಮ ಕಣ್ಣು: ಬೆಳಕು ಮೇಲಿನಿಂದಲೇ ಬರುತ್ತದೆ ಎಂದು ಅದು ನಂಬಿಕೊಂಡಿರುತ್ತದೆ. ಧ್ರುವದ ಚಿತ್ರಗಳಲ್ಲಿ ಉತ್ತರ ಮೇಲಿರುವುದಿಲ್ಲ, ಸೂರ್ಯ ಯಾವ ಅಂಚಿನಲ್ಲಾದರೂ ಇರಬಹುದು. ವಿವರಗಳಲ್ಲಿ ಸೂರ್ಯನ ದಿಕ್ಕಿನ ಕೋನ ಕೊಟ್ಟಿರುತ್ತಾರೆ. ಅದನ್ನು ಚಿತ್ರದ ಬಲ ಅಂಚಿನಿಂದ ಗಡಿಯಾರದ ಮುಳ್ಳು ತಿರುಗುವ ಕಡೆಗೆ ಅಳೆಯಬೇಕು. 90 ಎಂದಿದ್ದರೆ ಬೆಳಕು ಕೆಳಗಿನಿಂದ. ಚಿತ್ರವನ್ನು ತಲೆಕೆಳಗು ಮಾಡಿದ ಕೂಡಲೇ ಬೇರುಗಳೆಲ್ಲ ಕೊರಕಲುಗಳಾದವು. ಪಿಕ್ಸೆಲ್ ಒಂದಕ್ಕೆ 25 ಸೆಂಟಿಮೀಟರ್. ಒಂದು ಕಾಲು ಅಡ್ಡಕ್ಕೆ ಹತ್ತು ಪಿಕ್ಸೆಲ್, ಅಂದರೆ ಎರಡೂವರೆ ಮೀಟರ್.

ಸಂಜೆಯ ಕೆಲಸ ಬೀಸಣಿಗೆ ಗುರುತಿಸುವುದು. ಪ್ಲಾನೆಟ್ ಫೋರ್ ಎಂಬ ಯೋಜನೆ 2013ರಿಂದ ಇದನ್ನು ಸಾಮಾನ್ಯ ಜನರಿಂದ ಮಾಡಿಸಿದೆ. ಬೀಸಣಿಗೆಯ ಚೂಪು ತುದಿ ಚಿಲುಮೆಯ ಬಾಯಿ, ಅಗಲವಾದದ್ದು ಗಾಳಿ ಹೋದ ದಿಕ್ಕು. ಅಗಲದ ಕಡೆಯಿಂದ ಎಳೆದರೆ ಗಾಳಿಯ ದಿಕ್ಕೇ ಉಲ್ಟಾ ದಾಖಲಾಗುತ್ತದೆ. ಒಂದೇ ಬಾಯಿಯಿಂದ ಎರಡು ದಿಕ್ಕಿಗೆ ಎರಡು ಬೀಸಣಿಗೆ ಇದ್ದರೆ ಎರಡನ್ನೂ ಬೇರೆ ಬೇರೆಯಾಗಿ ಗುರುತಿಸಬೇಕು: ನಡುವೆ ಗಾಳಿ ತಿರುಗಿದೆ. ಅಲ್ಲಿ ಹವಾಮಾನ ಕೇಂದ್ರವಿಲ್ಲ, ಗಾಳಿ ಬೀಸಿದ್ದಕ್ಕೆ ಈ ಧೂಳೇ ಸಾಕ್ಷಿ. ಅದಕ್ಕೇ ಒಂದೊಂದು ಗೆರೆಯನ್ನೂ ಅವಸರವಿಲ್ಲದೆ ಎಳೆಯಬೇಕು.

ಚಿಲುಮೆ ಚಿಮ್ಮುವುದನ್ನು ಮಂಗಳದಲ್ಲಿ ಯಾವ ನೌಕೆಯೂ ನೇರವಾಗಿ ಸೆರೆಹಿಡಿದಿಲ್ಲ. ಪ್ರಯೋಗಾಲಯದಲ್ಲಿ ಆಗಿದೆ. ಲಾರೆನ್ ಮೆಕ್‌ಕೀಯನ್ ಮತ್ತು ಜೊತೆಗಾರರು ನಾಸಾದ ಜೆಪಿಎಲ್ ಸಂಶೋಧನಾ ಕೇಂದ್ರದಲ್ಲಿ ಪೀಪಾಯಿಯಷ್ಟು ದೊಡ್ಡ ನಿರ್ವಾತ ಕೋಣೆಯೊಳಗೆ ಮಂಗಳದಂಥ ಮಣ್ಣನ್ನು ದ್ರವ ಸಾರಜನಕದಿಂದ ತಣಿಸಿ, ಮೂರರಿಂದ ಐದು ಗಂಟೆ ಇಂಗಾಲದ ಡೈಆಕ್ಸೈಡ್ ಹೆಪ್ಪುಗಟ್ಟಿಸಿ, ಕೆಳಗಿನಿಂದ ಹೀಟರ್ ಹಾಕಿದರು. ಐಸ್ ಬಿರಿದು ಚಿಲುಮೆ ಎದ್ದಿತು. ಯಾರೂ ಎಣಿಸದಿದ್ದ ಒಂದು ಸಂಗತಿಯೂ ಕಂಡಿತು: ಐಸ್ ಮಣ್ಣಿನ ಕಣಗಳ ನಡುವೆಯೂ ಕಟ್ಟಿಕೊಂಡು ಮಣ್ಣನ್ನೇ ಸೀಳಿತ್ತು. ಫಲಿತಾಂಶ ಪ್ರಕಟವಾದದ್ದು 2024ರಲ್ಲಿ.

ರಾತ್ರಿ ಮುಚ್ಚುವ ಮುಂಚೆ ಒಂದೇ ಜೇಡದ ಎರಡು ಬೇಸಿಗೆಯ ಚಿತ್ರಗಳನ್ನು ಅಕ್ಕಪಕ್ಕ ಇಟ್ಟೆ. ಕಾಲಿನಿಂದ ಕಾಲಿಗೆ, ಕವಲಿನಿಂದ ಕವಲಿಗೆ ಹೋಲಿಸಿದರೂ ಒಂದು ಪಿಕ್ಸೆಲ್ ವ್ಯತ್ಯಾಸ ಸಿಗಲಿಲ್ಲ. ದೊಡ್ಡ ಜೇಡ ಈ ರೂಪಕ್ಕೆ ಬರಲು ಸಾವಿರಕ್ಕೂ ಹೆಚ್ಚು ಮಂಗಳ ವರ್ಷ ಬೇಕು ಎಂದು ಅಂದಾಜು. ಮರಳುದಿಬ್ಬಗಳ ಹತ್ತಿರ ಮಾತ್ರ ಗನ್ನಾ ಪೋರ್ತ್ಯಾಂಕಿನಾ ಅವರ ತಂಡಕ್ಕೆ ಹೊಸ ಕೊರಕಲುಗಳು ಸಿಕ್ಕಿವೆ, ವಸಂತದಿಂದ ವಸಂತಕ್ಕೆ ಉದ್ದವಾಗಿ ಕವಲೊಡೆದವು. ಮುಂದಿನ ಭಾನುವಾರಕ್ಕೆ ಅವುಗಳ ಚಿತ್ರ ಇಳಿಸಿಕೊಂಡಿದ್ದೇನೆ.